ಫ್ಲನಾಗನ್ ಎಂಬ ಹೆಸರು

ಪ್ರೀತಿಯ ತಂಗಿ,

ನೀನು ಕಳಿಸಿದ ಹಾಸ್ಯ ಲೇಖನವನ್ನು ಎರಡು ಸಲ ಓದಿದೆ. ನಿನ್ನ ಮಾತಿನ ಧಾಟಿಯನ್ನು ಆಡಿಕೊಳ್ಳುವ ಮೇಲಧಿಕಾರಿಯನ್ನು ಮೂರು ಪುಟ ತುಂಬ ಬೈದಿದ್ದೀಯೆ. ಸಿಟ್ಟು ನ್ಯಾಯವಾದದ್ದೇ. ನಗು ಮಾತ್ರ ಬರಲಿಲ್ಲ.

ಲಂಡನ್ನಿನ ವೈಟ್‌ಚಾಪೆಲ್‌ನಲ್ಲಿ, ಪೋಲೆಂಡಿನಿಂದ ವಲಸೆ ಬಂದ ಯಹೂದಿ ಮನೆತನದಲ್ಲಿ 1896ರಲ್ಲಿ ಒಬ್ಬ ಹುಡುಗ ಹುಟ್ಟಿದ. ಮನೆಯ ಹೆಸರು ವೈನ್‌ಟ್ರಾಪ್. ಮೊದಲ ಮಹಾಯುದ್ಧದಲ್ಲಿ ಸೈನ್ಯ ಸೇರಿದಾಗ, ಯಹೂದಿಯೆಂಬ ಕಾರಣಕ್ಕೇ ಅವನನ್ನು ಗೋಳುಹೊಯ್ದುಕೊಂಡ ಸಾರ್ಜೆಂಟ್ ಮೇಜರನೊಬ್ಬನಿದ್ದ. ಅವನ ಹೆಸರು ಫ್ಲನಾಗನ್. ಯುದ್ಧ ಮುಗಿಸಿ ಬಂದವನು ಏನು ಮಾಡಿದ ಗೊತ್ತೇ? ಹಾಸ್ಯನಟನಾಗಿ ರಂಗದ ಮೇಲೆ ಆ ಹೆಸರನ್ನೇ ಇಟ್ಟುಕೊಂಡ. ಬಡ್ ಫ್ಲನಾಗನ್! ಮಾಸಿದ ತುಪ್ಪಳದ ಕೋಟು, ಜಜ್ಜಿಹೋದ ಹುಲ್ಲಿನ ಟೋಪಿ. ಪಕ್ಕದಲ್ಲಿ ನೀಟಾಗಿ ಸೂಟು ತೊಟ್ಟ ಜೊತೆಗಾರ ಚೆಸ್ನಿ ಆಲನ್. ಇಂದು ಆ ಹೆಸರು ಕೇಳಿ ಸಾರ್ಜೆಂಟನನ್ನು ನೆನೆಯುವವರು ಯಾರೂ ಇಲ್ಲ. 1968ರಲ್ಲಿ, ತೀರಿಕೊಳ್ಳುವ ಕೆಲವೇ ತಿಂಗಳ ಮುಂಚೆ, ಬಿಬಿಸಿಯ 'ಡ್ಯಾಡ್ಸ್ ಆರ್ಮಿ' ಎಂಬ ಹಾಸ್ಯ ಧಾರಾವಾಹಿಗಾಗಿ ಹಿಟ್ಲರನನ್ನು ಕೆಣಕುವ ಹಾಡು ಹಾಡಿದವನೂ ಇವನೇ. ಕೇಳಿ ನೋಡು, ಧ್ವನಿಯಲ್ಲಿ ಸಿಟ್ಟಿನ ಸುಳಿವೂ ಇಲ್ಲ. ಬೀದಿಯ ಪುಂಡನನ್ನು ಅಜ್ಜನೊಬ್ಬ ಛೇಡಿಸಿದಂತಿದೆ.

ಆದರೆ ಕಾಡಿದವನನ್ನೇ ನಗೆಯ ವಸ್ತುವಾಗಿಸುವ ಈ ವಿದ್ಯೆ ಕೈ ಕಚ್ಚುವುದೂ ಉಂಟು. ಅರವತ್ತರ ದಶಕದಲ್ಲಿ ಬ್ರಿಟನ್ನಿನ ಟಿವಿಯಲ್ಲಿ ಆಲ್ಫ್ ಗಾರ್ನೆಟ್ ಎಂಬ ಪಾತ್ರ ಬಂತು. ಬೋಳುತಲೆ, ತುಂಡು ಮೀಸೆ. ಬಾಯಿ ತೆರೆದರೆ ಕರಿಯರ ಮೇಲೆ, ಯಹೂದಿಗಳ ಮೇಲೆ ಬೈಗುಳ. ಪಾತ್ರ ಮಾಡಿದ ವಾರನ್ ಮಿಚೆಲ್ ಸ್ವತಃ ಯಹೂದಿ. (ಟಾಟೆನ್‌ಹ್ಯಾಮ್ ಫುಟ್‌ಬಾಲ್ ತಂಡದ ಅಭಿಮಾನಿಯಾಗಿದ್ದೂ ಪಾತ್ರಕ್ಕಾಗಿ ಎದುರಾಳಿ ತಂಡ ವೆಸ್ಟ್ ಹ್ಯಾಮ್‌ಗೆ ಜೈ ಎನ್ನಬೇಕಾಯಿತು. ಅದೇ ಹೆಚ್ಚು ಕಷ್ಟವಾಗಿರಬೇಕೆಂದು ನನ್ನ ಗುಮಾನಿ.) ಬರೆದ ಜಾನಿ ಸ್ಪೈಟ್‌ಗೆ ಜನ ಆಲ್ಫ್‌ನ ದಡ್ಡತನಕ್ಕೆ ನಗಬೇಕಿತ್ತು. ಎಷ್ಟೋ ಮಂದಿ ಮಾತ್ರ, ನಮ್ಮ ಮನಸ್ಸಿನ ಮಾತನ್ನೇ ಆಡಿದ ಎಂದು ಚಪ್ಪಾಳೆ ತಟ್ಟಿದರು. ಹಾಗೆ ಹೊಗಳಲು ಬಂದವನಿಗೆ ಮಿಚೆಲ್, ನಾವು ಗೇಲಿ ಮಾಡಿದ್ದು ನಿನ್ನಂಥ ಮೂರ್ಖರನ್ನೇ ಎಂದು ಉತ್ತರಿಸಿದ್ದನಂತೆ. ಪ್ರತಿಯೊಬ್ಬ ನೋಡುಗನ ಮನೆಗೂ ಹೋಗಿ ಹಾಗೆ ಹೇಳಿಬರಲಾದೀತೇ?

ನಿನ್ನ ಎರಡನೆಯ ಪುಟದಲ್ಲಿ ಒಂದು ಸಾಲಿದೆ: ಮೇಲಧಿಕಾರಿ ಅದ್ದಿದ ಬಿಸ್ಕತ್ತು ಮುರಿದು ಚಹಾದೊಳಗೆ ಬಿತ್ತು, ಆತ ನಿನ್ನನ್ನೇ ದುರುಗುಟ್ಟಿ ನೋಡಿದ. ಅಲ್ಲಿ ನಾನು ಜೋರಾಗಿ ನಕ್ಕೆ. ಆ ಸಾಲನ್ನು ಮೊದಲಿಗೆ ತಂದು, ಬೈಗುಳವನ್ನೆಲ್ಲ ಹೊಡೆದುಹಾಕಿ ಮತ್ತೆ ಬರೆ. ದೀಪಾವಳಿಗೆ ಮುಂಚೆ ಕಳಿಸು. ಆಮೇಲೆ ನನಗೆ ಕಣ್ಣಿನ ಪೊರೆಯ ಶಸ್ತ್ರಚಿಕಿತ್ಸೆ ಇದೆ.

ನಿನ್ನ ಅಣ್ಣ