ಬಕ್ ಓನೀಲ್ ಕೇಳಿದ ಸದ್ದು

ಪ್ರೀತಿಯ ತಮ್ಮಾ,

ಅಮೆರಿಕದ ಬೇಸ್‌ಬಾಲ್ ಆಟಗಾರ ಬಕ್ ಓನೀಲ್ ಬಗ್ಗೆ ನೀನು ಬರೆದದ್ದನ್ನು ಎರಡು ಸಲ ಓದಿದೆ. ಮೊದಲ ಪುಟವೆಲ್ಲ ಇಸವಿಗಳೇ. 1911ರಲ್ಲಿ ಫ್ಲಾರಿಡಾದಲ್ಲಿ ಹುಟ್ಟಿದ್ದು, ಕರಿಯ ಆಟಗಾರರಿಗಿದ್ದ ಬೇರೆ ಲೀಗ್‌ನಲ್ಲಿ ಕಾನ್ಸಾಸ್ ಸಿಟಿ ಮೊನಾರ್ಕ್ಸ್ ತಂಡದ ಪರ ಆಡಿದ್ದು, 1962ರಲ್ಲಿ ಶಿಕಾಗೊ ಕಬ್ಸ್ ತಂಡದಲ್ಲಿ, ಅಲ್ಲಿನ ಅತಿ ದೊಡ್ಡ ಲೀಗ್ ಆದ ಮೇಜರ್ ಲೀಗ್‌ನ ಮೊದಲ ಕರಿಯ ಕೋಚ್ ಆಗಿದ್ದು. ಎಲ್ಲ ಸರಿಯೇ. ಆದರೆ ಆ ಅಜ್ಜ ಬಾಯಿ ಬಿಡುವುದು ನಾಲ್ಕನೇ ಪುಟದಲ್ಲಿ!

ಅವರನ್ನು ಅಮೆರಿಕ ಗುರುತು ಹಿಡಿದಿದ್ದೇ ಮಾತಿನಿಂದ. ಕೆನ್ ಬರ್ನ್ಸ್ ಅವರ 'ಬೇಸ್‌ಬಾಲ್' ಸಾಕ್ಷ್ಯಚಿತ್ರ 1994ರ ಸೆಪ್ಟೆಂಬರ್‌ನಲ್ಲಿ ಟೀವಿಗೆ ಬಂತು. 9 ಕಂತು, 18 ಗಂಟೆಗೂ ಜಾಸ್ತಿ. ಆಟಗಾರರ ಮುಷ್ಕರದಿಂದ ಆ ವರ್ಷದ ಫೈನಲ್ ಸರಣಿ, ವರ್ಲ್ಡ್ ಸೀರೀಸ್, ಆಗಷ್ಟೇ ರದ್ದಾಗಿತ್ತು. ಮೈದಾನಗಳು ಖಾಲಿ. ಟೀವಿಯಲ್ಲಿ ಮಾತ್ರ 82 ವರ್ಷದ ಮುದುಕರೊಬ್ಬರು ಕಣ್ಣು ಅರಳಿಸಿಕೊಂಡು ಹಳೇ ಆಟದ ಕತೆ ಹೇಳುತ್ತಿದ್ದಾರೆ. ನೀನು ಇದನ್ನು ಒಂದೇ ಸಾಲಲ್ಲಿ ದಾಟಿಬಿಟ್ಟೆ. ಅನ್ಯಾಯ ಅಲ್ವಾ?

ಅವರು ಮತ್ತೆ ಮತ್ತೆ ಹೇಳುತ್ತಿದ್ದ ಆ ಸದ್ದಿನ ಕತೆಯಿಂದಲೇ ಶುರು ಮಾಡು. ಬ್ಯಾಟಿಗೆ ಚೆಂಡು ಬಡಿದಾಗ ಬರುವ ಒಂದು ಸದ್ದು. ಹುಡುಗನಾಗಿದ್ದಾಗ ಫ್ಲಾರಿಡಾದಲ್ಲಿ ಕೇಳಿಸಿತು, ನೋಡಿದರೆ ಆ ಕಾಲದ ದೊಡ್ಡ ಹೊಡೆತಗಾರ ಬೇಬ್ ರೂತ್. ದೊಡ್ಡವರಾದ ಮೇಲೆ ಇನ್ನೊಮ್ಮೆ. ಬಟ್ಟೆ ಬದಲಿಸುತ್ತಿದ್ದವರು ಹಾಗೇ ಹೊರಗೆ ಓಡಿಬಂದರಂತೆ, ಅದು ಕರಿಯರ ಲೀಗ್‌ನ ಹೊಡೆತಗಾರ ಜಾಶ್ ಗಿಬ್ಸನ್. ಮುಪ್ಪಿನಲ್ಲಿ ಕಾನ್ಸಾಸ್ ಸಿಟಿಯಲ್ಲಿ ಮೂರನೇ ಸಲ, ಹೊಸ ತಲೆಮಾರಿನ ಆಟಗಾರ ಬೋ ಜಾಕ್ಸನ್. ಮತ್ತೆ ಕೇಳಿಸೀತು ಅಂತಲೇ ಮೈದಾನಕ್ಕೆ ಹೋಗುತ್ತಿದ್ದರು. ನೋಡು, ಮೂರು ಸಲವೂ ಬ್ಯಾಟು ಇನ್ನೊಬ್ಬರ ಕೈಲಿದೆ. ಇವರದ್ದು ಕಿವಿ ಅಷ್ಟೇ.

ನಾನೂ ಒಮ್ಮೆ ಎಡವಿದ್ದೇನೆ. ಹಳೇ ಪೈಲ್ವಾನರೊಬ್ಬರ ಮಾತು ರೆಕಾರ್ಡ್ ಮಾಡಿಕೊಂಡು ಬಂದು, ಗೆದ್ದ ಕುಸ್ತಿಗಳ ಪಟ್ಟಿ ಬರೆದು ಕೊಟ್ಟೆ. ವರ್ಷಗಳ ಮೇಲೆ ಆ ಟೇಪ್ ಹಾಕಿದರೆ, ಮಾತಿನ ನಡುವೆ ಅವರು ಕೂತಲ್ಲೇ ತೊಡೆ ತಟ್ಟಿದ್ದು ಪಟಾರನೆ ಕೇಳಿಸಿತು. ನನ್ನ ಬರಹದಲ್ಲಿ ಅದಿರಲಿಲ್ಲ.

ಇನ್ನೊಂದು. 'ಅವರಲ್ಲಿ ಕಹಿಯೇ ಇರಲಿಲ್ಲ' ಅಂತ ಮೂರು ಕಡೆ ಬರೆದಿದ್ದೀಯ. ಒಂದನ್ನೂ ಇಡಬೇಡ. 2006ರ ಫೆಬ್ರುವರಿಯಲ್ಲಿ ಸಮಿತಿಯೊಂದು ಕರಿಯರ ಆ ಹಳೇ ಲೀಗ್‌ಗಳ ಮತ್ತು ಅದಕ್ಕೂ ಹಿಂದಿನ ಕಾಲದ 17 ಜನರನ್ನು ಬೇಸ್‌ಬಾಲ್‌ನ ಗೌರವ ಪಟ್ಟಿಯಾದ ಹಾಲ್ ಆಫ್ ಫೇಮ್‌ಗೆ ಆರಿಸಿತು. ಓನೀಲ್ ಹೆಸರು ಇರಲಿಲ್ಲ. ಆ 17 ಜನರಲ್ಲಿ ಯಾರೂ ಬದುಕಿರಲಿಲ್ಲ. ಜುಲೈನಲ್ಲಿ ಹಾಲ್ ಆಫ್ ಫೇಮ್ ಇರುವ ಕೂಪರ್ಸ್‌ಟೌನ್‌ಗೆ ಹೋಗಿ ಅವರೆಲ್ಲರ ಪರವಾಗಿ ಮಾತಾಡಿದ್ದು ಇದೇ ಓನೀಲ್. ಕೊನೆಗೆ ಜನರಿಗೆಲ್ಲ ಕೈ ಕೈ ಹಿಡಿದುಕೊಳ್ಳಲು ಹೇಳಿ ಹಾಡಿಸಿದರು. ಅಕ್ಟೋಬರ್‌ನಲ್ಲಿ ತೀರಿಕೊಂಡರು. ಅವರ ಹೆಸರು ಅಲ್ಲಿಗೆ ಸೇರಿದ್ದು 2022ರಲ್ಲಿ. ಇಷ್ಟನ್ನು ಸುಮ್ನೆ ಹೇಳಿ ಪಕ್ಕಕ್ಕೆ ಸರಿ. ಕಹಿ ಇತ್ತೋ ಇಲ್ಲವೋ ಓದುವವರು ನೋಡಿಕೊಳ್ಳುತ್ತಾರೆ.

ತಿದ್ದಿ ಕಳಿಸು. ಅಂದಹಾಗೆ 'ದಂತಕತೆ' ಅನ್ನೋ ಪದ ಐದು ಸಲ ಬಂದಿದೆ. ಎಣಿಸಿದ್ದೇನೆ.

ನಿನ್ನ
ಅಣ್ಣ