ಸೇಂಟ್ ಕಿಲ್ಡಾದ ಹಳ್ಳಿ ಶಿಲಾಯುಗದ್ದಲ್ಲ

ಮಾನ್ಯ ಸಂಪಾದಕರೇ,

ಸ್ಕಾಟ್ಲೆಂಡಿನ ಸೇಂಟ್ ಕಿಲ್ಡಾ ದ್ವೀಪಗಳ ಕುರಿತ ಪ್ರವಾಸ ಬರಹಗಳಲ್ಲಿ ಒಂದು ಮಾತು ಮತ್ತೆ ಮತ್ತೆ ಬರುತ್ತದೆ. ಹೊರಜಗತ್ತಿನ ಗಾಳಿಯೇ ಸೋಕದ ಜನ ಅಲ್ಲಿ ಶಿಲಾಯುಗದಂತೆ ಬದುಕಿದ್ದರು, ನಾಗರಿಕತೆ ತಟ್ಟಿದ್ದೇ ತಡ 1930ರಲ್ಲಿ ಊರು ಖಾಲಿಯಾಯಿತು ಎಂಬ ಮಾತು ಅದು. ಈ ದ್ವೀಪಗಳಲ್ಲಿ ದೊಡ್ಡದಾದ ಹಿರ್ಟಾದಲ್ಲಿ ಇಂದಿಗೂ ನಿಂತಿರುವ ಹಳ್ಳಿಯ ಗೋಡೆಗಳು ಇದನ್ನು ಒಪ್ಪುವುದಿಲ್ಲ. ಅಲ್ಲಿ ಕಾಣುವ ಬೀದಿ, ಹೊಲ, ಮನೆ, ಚರ್ಚು ಬಹುಪಾಲು ಹತ್ತೊಂಬತ್ತನೇ ಶತಮಾನದಲ್ಲಿ ಯೋಜನೆ ಹಾಕಿ ಕಟ್ಟಿದಂಥವು. ಊರು ಸೋತ ಕಾರಣಗಳೂ ಆ ಕಲ್ಲುಗಳಲ್ಲೇ ಇವೆ.

ಉತ್ತರ ಯೂಯಿಸ್ಟ್ ದ್ವೀಪದಿಂದ ಪಶ್ಚಿಮಕ್ಕೆ ಸುಮಾರು 65 ಕಿಲೋಮೀಟರ್ ದೂರದಲ್ಲಿ, ಅಟ್ಲಾಂಟಿಕ್ ಸಾಗರದ ನಡುವೆ ಹಿರ್ಟಾ ಇದೆ. ಅಲ್ಲಿನ ಕೊನಾಹೆರ್ ಬೆಟ್ಟ 430 ಮೀಟರ್ ಎತ್ತರದ್ದು. ಅದರ ಬೆನ್ನು ನೇರವಾಗಿ ಕಡಲಿಗೆ ಕಡಿದುಬಿದ್ದಿದೆ. ಆಗ್ನೇಯಕ್ಕೆ ತೆರೆದ ವಿಲೇಜ್ ಬೇ ಎಂಬ ಕೊಲ್ಲಿಯ ಮೇಲಿನ ಇಳಿಜಾರಿನಲ್ಲಿ ಹಳ್ಳಿ ಕುಳಿತಿದೆ. ಈ ಕೊಲ್ಲಿ ಅಟ್ಲಾಂಟಿಕ್ಕಿನ ಪಶ್ಚಿಮದ ಗಾಳಿಯಿಂದ ಊರನ್ನು ಕಾಯುತ್ತದೆ. ಆದರೆ ಗಾಳಿ ಆಗ್ನೇಯಕ್ಕೆ ತಿರುಗಿದರೆ ಅಲೆಗಳು ನೇರ ಒಳನುಗ್ಗುತ್ತವೆ, ದೋಣಿ ದಡಕ್ಕೆ ಬರಲಾಗದು. ಇಪ್ಪತ್ತನೇ ಶತಮಾನದ ಮೊದಲ ವರ್ಷಗಳಲ್ಲಿ ಕಟ್ಟಿದ ಚಿಕ್ಕ ಜೆಟ್ಟಿಯೂ ಈ ತೊಂದರೆಯನ್ನು ತಪ್ಪಿಸಲಿಲ್ಲ, ಇಂದಿಗೂ ತಪ್ಪಿಸುತ್ತಿಲ್ಲ.

ಈಗ ಕಾಣುವ ಊರಿನ ನಕ್ಷೆ 1830ರ ದಶಕದ್ದು. ಆಗಿನ ಪಾದ್ರಿ ನೀಲ್ ಮೆಕೆಂಜಿ ಹಳೆಯ ಗುಂಪುಮನೆಗಳನ್ನು ಬಿಡಿಸಿ ಬಿಲ್ಲಿನಂತೆ ಬಾಗಿದ ಒಂದೇ ಬೀದಿಯ ಉದ್ದಕ್ಕೂ ಹೊಸ ಮನೆ ಕಟ್ಟಿಸಿದರು. ಸಾಮೂಹಿಕವಾಗಿ ಉಳುತ್ತಿದ್ದ ನೆಲವನ್ನು ಬೀದಿಯಿಂದ ಕಡಲಿನವರೆಗೆ ಉದ್ದುದ್ದ ಪಟ್ಟಿಗಳಾಗಿ ಹಂಚಿದರು. ದ್ವೀಪಕ್ಕೆ ಬಂದುಹೋಗಿದ್ದ ಸರ್ ಥಾಮಸ್ ಡೈಕ್ ಆಕ್ಲಂಡ್ ಕೊಟ್ಟ 20 ಗಿನಿಗಳ ದೇಣಿಗೆ ಈ ಕೆಲಸಕ್ಕೆ ಚಾಲನೆ ಕೊಟ್ಟಿತು. ಹೊಲಗಳನ್ನೂ ಮನೆಗಳನ್ನೂ ಬಳಸಿ ಮೇಯುವ ದನಕುರಿಗಳನ್ನು ಹೊರಗಿಡುವ ದೊಡ್ಡ ಕಲ್ಲುಗೋಡೆ ಇದೆ. ಅದರ ಒಳಗೆ ನಿಂತು ನೋಡಿದರೆ ಹಂಚಿಕೆಯ ಲೆಕ್ಕ ಕಣ್ಣಿಗೇ ಸಿಗುತ್ತದೆ.

ಆ ಮನೆಗಳನ್ನು ಬ್ಲ್ಯಾಕ್‌ಹೌಸ್ ಎನ್ನುತ್ತಾರೆ. ಗಾರೆಯಿಲ್ಲದೆ ಕಲ್ಲು ಜೋಡಿಸಿದ ಎರಡು ಗೋಡೆಗಳು, ನಡುವೆ ತುಂಬಿದ ಮಣ್ಣು, ಒಟ್ಟು ದಪ್ಪ ಒಂದು ಮೀಟರಿಗೂ ಮೀರಿದ್ದು. ಗಾಳಿಗೆ ಹಿಡಿತ ಸಿಗದಂತೆ ಮೂಲೆಗಳನ್ನು ಗುಂಡಗೆ ಮಾಡಿದ್ದಾರೆ. ಚಾವಣಿಯ ಮರಗಳು ಒಳಗೋಡೆಯ ಮೇಲೆ ಕೂರುತ್ತವೆ. ಸೂರು ಗೋಡೆಯಿಂದಾಚೆ ಚಾಚುವುದೇ ಇಲ್ಲ, ಚಾಚಿದರೆ ಬಿರುಗಾಳಿ ಅಲ್ಲಿಂದಲೇ ಎತ್ತಿ ಒಗೆಯುತ್ತದೆ. ಮೇಲಿನ ಹುಲ್ಲುಹೊದಿಕೆಗೆ ಅಡ್ಡಡ್ಡ ಹಗ್ಗ ಬಿಗಿದು ತುದಿಗೆ ಕಲ್ಲು ಕಟ್ಟುತ್ತಿದ್ದರು. ಚಳಿಗಾಲದಲ್ಲಿ ಹಸುಗಳು ಅದೇ ಸೂರಿನ ಕೆಳತುದಿಯಲ್ಲಿರುತ್ತಿದ್ದವು, ಅವುಗಳ ಮೈಶಾಖವೂ ಮನೆಗೆ ದಕ್ಕುತ್ತಿತ್ತು. ಸಗಣಿ, ಬೂದಿ, ಕಸ ನೆಲದ ಮೇಲೇ ಸೇರುತ್ತ ಹೋಗಿ ವಸಂತದಲ್ಲಿ ಗೊಬ್ಬರವಾಗಿ ಬಾರ್ಲಿ, ಓಟ್ಸ್ ಹೊಲಕ್ಕೆ ಹೋಗುತ್ತಿತ್ತು. ಹೊರಗಿನವರ ಮೂಗಿಗೆ ಇದು ಹೊಲಸು. ಆದರೆ ಆ ಗಾಳಿಗೂ ಆ ಚಳಿಗೂ ಇಷ್ಟು ಲೆಕ್ಕ ಹಾಕಿ ಕಟ್ಟಿದ ಮನೆಯನ್ನು ಶಿಲಾಯುಗದ್ದು ಎನ್ನುವುದು ಅನ್ಯಾಯ.

1860ರ ಬಿರುಗಾಳಿ ಹಲವು ಚಾವಣಿಗಳನ್ನು ಕಿತ್ತಿತು. ಆಮೇಲೆ ದ್ವೀಪದ ಒಡೆಯರಾದ ಮೆಕ್ಲಾಯ್ಡ್ ಮನೆತನದವರು ಹೊರಗಿನಿಂದ ಮೇಸ್ತ್ರಿಗಳನ್ನು ಕರೆಸಿ 16 ಹೊಸ ಮನೆ ಕಟ್ಟಿಸಿದರು. ಚೂಪು ಮೂಲೆ, ಗಾರೆ ಹಾಕಿದ ಗೋಡೆ, ಎರಡು ಕೋಣೆ, ಗಾಜಿನ ಕಿಟಕಿ, ಎರಡೂ ತುದಿಗೆ ಹೊಗೆಗೂಡು. ಮುಖ ಕಡಲಿನ ಕಡೆಗೆ. ಎಲ್ಲ ಸರಿ, ಕೆಟ್ಟದ್ದು ಚಾವಣಿಯಲ್ಲಿ. ಮರದ ಮೇಲೆ ಹೊಡೆದ ಸತುವಿನ ತಗಡು ಬಿಸಿಯನ್ನು ಹಿಡಿದಿಡಲಿಲ್ಲ. ಒಳಗಿನ ಉಸಿರು, ಅಡುಗೆಯ ಹಬೆ ಎಲ್ಲ ತಣ್ಣನೆಯ ತಗಡಿಗೆ ತಾಗಿ ನೀರಾಗಿ ತೊಟ್ಟಿಕ್ಕುತ್ತಿತ್ತು. ಬಿರುಗಾಳಿಗೆ ತಗಡುಗಳು ಎದ್ದವು. ಕೊನೆಗೆ ಅವುಗಳ ಬದಲಿಗೆ ಡಾಂಬರು ಬಳಿದ ಹಾಳೆ ಹೊದಿಸಿ, ಗೋಡೆಗೆ ನೆಟ್ಟ ಕಬ್ಬಿಣದ ಗೂಟಗಳಿಗೆ ಬಿಗಿಯಬೇಕಾಯಿತು. ಹಳೆಯ ಮನೆಗೆ ಬೇಕಾಗಿದ್ದ ಕಲ್ಲು, ಮಣ್ಣು, ಹುಲ್ಲು ದ್ವೀಪದಲ್ಲೇ ಸಿಗುತ್ತಿತ್ತು. ಹೊಸ ಮನೆಯ ತಗಡು, ಡಾಂಬರು, ಗಾಜು ಹಡಗಿನಲ್ಲೇ ಬರಬೇಕು. ಮರವನ್ನಂತೂ ಮೊದಲಿನಿಂದಲೂ ಹೊರಗಿನಿಂದಲೇ ತರುತ್ತಿದ್ದರು, ದ್ವೀಪದಲ್ಲಿ ಮರವೇ ಇಲ್ಲ. ಊರಿನ ಸ್ವಾವಲಂಬನೆ ಸಡಿಲವಾದ ಜಾಗಗಳಲ್ಲಿ ಇದೂ ಒಂದು. ಬ್ಲ್ಯಾಕ್‌ಹೌಸುಗಳನ್ನು ಮಾತ್ರ ಜನ ಕೆಡವಲಿಲ್ಲ. ಕೊಟ್ಟಿಗೆಯಾಗಿ, ಉಗ್ರಾಣವಾಗಿ ಅವು ಹೊಸ ಮನೆಗಳ ನಡುನಡುವೆಯೇ ಉಳಿದವು.

ಬೆಟ್ಟದ ತುಂಬ ಚೆಲ್ಲಿದಂತಿರುವ ಕಲ್ಲುಗೂಡುಗಳೇ ಕ್ಲೀಟ್. ಹಿರ್ಟಾದಲ್ಲಿ 1,200ಕ್ಕೂ ಹೆಚ್ಚು ಇವೆ. ಇವನ್ನು ಸಮಾಧಿ ಎಂದೋ ಸನ್ಯಾಸಿಗಳ ಗುಡಿಸಲೆಂದೋ ತಿಳಿಯುವವರಿದ್ದಾರೆ. ಇವು ಉಗ್ರಾಣಗಳು. ಮರವೂ ಉಪ್ಪೂ ಸುಲಭವಾಗಿ ಸಿಗದ ಊರಿನಲ್ಲಿ ಗ್ಯಾನೆಟ್, ಫುಲ್ಮರ್, ಪಫಿನ್ ಹಕ್ಕಿಗಳ ಮಾಂಸ, ಮೊಟ್ಟೆ, ಪುಕ್ಕ, ಉರುವಲಿನ ಹುಲ್ಲುಹೆಂಟೆ, ಹಗ್ಗ ಎಲ್ಲವನ್ನೂ ಗಾಳಿಯಲ್ಲೇ ಒಣಗಿಸಿ ಇಡಬೇಕಿತ್ತು. ಗೋಡೆಯ ಕಲ್ಲುಗಳನ್ನು ಸಾಲುಸಾಲಾಗಿ ಒಳಕ್ಕೆ ಚಾಚುತ್ತ ಬಂದು, ಮೇಲಿನ ಕಿಂಡಿಯನ್ನು ಚಪ್ಪಡಿಗಳಿಂದ ಮುಚ್ಚಿ, ಅದರ ಮೇಲೆ ಹುಲ್ಲು ಬೆಳೆದ ಮಣ್ಣಿನ ಟೋಪಿ ಹಾಕುತ್ತಾರೆ. ಸಂದುಗಳಲ್ಲಿ ಗಾಳಿ ಆಡುತ್ತದೆ, ಮಳೆ ಒಳಗಿಳಿಯುವುದಿಲ್ಲ. ಮೇಲಿನ ಮಣ್ಣು ಕೆಟ್ಟರೆ ಕ್ಲೀಟ್ ಕೆಟ್ಟಿತು: ನೀರು ಇಳಿಯುತ್ತದೆ, ಚಪ್ಪಡಿ ಜಾರುತ್ತದೆ, ಒಂದು ಕಡೆಯ ಗೋಡೆ ಒಳಕ್ಕೆ ಕುಸಿಯುತ್ತದೆ. ಕುರಿಗಳು ಮೇಲೆ ಹತ್ತಿದರೂ ಇದೇ ಗತಿ, ಚಿತ್ರಕ್ಕಾಗಿ ಮನುಷ್ಯರು ಹತ್ತಿದರೂ ಇದೇ.

ಉಳಿದವನ್ನು ಬೇಗ ಹೇಳಿಬಿಡಬಹುದು. ಚರ್ಚು ಮತ್ತು ಪಾದ್ರಿಮನೆ 1820ರ ದಶಕದವು, ದೀಪಸ್ತಂಭಗಳ ಎಂಜಿನಿಯರ್ ರಾಬರ್ಟ್ ಸ್ಟೀವನ್ಸನ್ ಅವುಗಳ ನಕ್ಷೆ ಮಾಡಿದರು. ಶಾಲಾಕೋಣೆ ಆಮೇಲೆ ಸೇರಿದ್ದು. ದಡದ ಪುಕ್ಕದ ಉಗ್ರಾಣದಲ್ಲಿ ಒಡೆಯನ ಗೇಣಿ ಕೂಡಿಡುತ್ತಿದ್ದರು. ಗೇಣಿ ಎಂದರೆ ಪುಕ್ಕ, ಹಕ್ಕಿಯೆಣ್ಣೆ, ಕೈಮಗ್ಗದ ಟ್ವೀಡ್ ಬಟ್ಟೆ. ಪಕ್ಕದಲ್ಲಿ ಕಡಲಿಗೆ ಮುಖಮಾಡಿದ 4 ಅಂಗುಲದ ತೋಪು ಇದೆ. 1918ರ ಮೇ 15ರಂದು ಜರ್ಮನ್ ಜಲಾಂತರ್ಗಾಮಿಯೊಂದು ಇಲ್ಲಿನ ವೈರ್‌ಲೆಸ್ ಕೇಂದ್ರದ ಮೇಲೆ ಗುಂಡು ಹಾರಿಸಿದ ಬಳಿಕ ತೋಪು ತಂದಿಟ್ಟರು; ಶತ್ರುವಿನ ಮೇಲೆ ಅದನ್ನು ಒಮ್ಮೆಯೂ ಹಾರಿಸಬೇಕಾಗಲಿಲ್ಲ.

ಮನೆಗಳ ಹಿಂದಿನ ಮೊಟ್ಟೆಯಾಕಾರದ ಸ್ಮಶಾನದ ಮುಂದೆ ಮಾತ್ರ ನಿಲ್ಲಬೇಕು. ಹತ್ತೊಂಬತ್ತನೇ ಶತಮಾನದ ಬಹುಕಾಲ ಇಲ್ಲಿ ಹುಟ್ಟಿದ ಮಕ್ಕಳಲ್ಲಿ ಅರ್ಧಕ್ಕೂ ಹೆಚ್ಚು ಮಂದಿ ಹುಟ್ಟಿದ ಕೆಲವೇ ದಿನಗಳಲ್ಲಿ ತೀರಿಕೊಳ್ಳುತ್ತಿದ್ದರು. ಕಾರಣ ಹೊಕ್ಕುಳಿನ ಗಾಯದಿಂದ ಒಳಹೋಗುವ ಧನುರ್ವಾಯು. ಆಗಿನ ಪಾದ್ರಿ ಆಂಗಸ್ ಫಿಡಿಸ್ ಗ್ಲ್ಯಾಸ್ಗೋದಲ್ಲಿ ಸೋಂಕುನಿವಾರಣೆಯ ಹೆರಿಗೆ ಕ್ರಮ ಕಲಿತು ಬಂದರು. ಅದನ್ನು ಪಾಲಿಸತೊಡಗಿದ ಮೇಲೆ 1890ರ ದಶಕದಲ್ಲಿ ಈ ಸಾವುಗಳು ನಿಂತವು. ಅಷ್ಟರಲ್ಲಿ ಎಷ್ಟೋ ತಲೆಮಾರುಗಳ ಲೆಕ್ಕ ತಪ್ಪಿತ್ತು. ಅದಕ್ಕೂ ಮೊದಲು 1727ರಲ್ಲಿ ಸಿಡುಬು ಊರನ್ನು ಬಹುತೇಕ ಬರಿದುಮಾಡಿತ್ತು. ಹಕ್ಕಿ ಹಿಡಿಯಲು ಸ್ಟಾಕ್ ಆನ್ ಆರ್ಮಿನ್ ಬಂಡೆಗೆ ಹೋಗಿದ್ದ ಮೂವರು ಗಂಡಸರು, ಎಂಟು ಹುಡುಗರು ಕರೆತರುವವರಿಲ್ಲದೆ ಇಡೀ ಚಳಿಗಾಲ ಅಲ್ಲೇ ಕಳೆದರು. 1851ರಲ್ಲಿ 110 ಮಂದಿ ಇದ್ದರು. ಮರುವರ್ಷ 36 ಮಂದಿ ಆಸ್ಟ್ರೇಲಿಯಾಕ್ಕೆ ಹೊರಟರು, ಅವರಲ್ಲಿ ಎಷ್ಟೋ ಜನ ದಾರಿಯಲ್ಲೇ ಸತ್ತರು. ಮೊದಲ ಮಹಾಯುದ್ಧದ ನಂತರ ಹರೆಯದವರು ಒಬ್ಬೊಬ್ಬರೇ ಹೊರಟಮೇಲೆ ದೋಣಿಗೆ ಹುಟ್ಟುಹಾಕಲು, ಬಂಡೆಯಲ್ಲಿ ಹಗ್ಗ ಹಿಡಿಯಲು, ಹೊಲಕ್ಕೆ ಬೇಕಾದಷ್ಟು ಕೈಗಳು ಉಳಿಯಲಿಲ್ಲ. ಇವೆಲ್ಲ ಒಬ್ಬಿಬ್ಬರಿಂದ ಆಗುವ ಕೆಲಸಗಳಲ್ಲ. 1930ರ ಮೇ ತಿಂಗಳಲ್ಲಿ ತಮ್ಮನ್ನು ಕರೆದೊಯ್ಯಿರೆಂದು ಸರ್ಕಾರಕ್ಕೆ ಅರ್ಜಿ ಬರೆದವರು ದ್ವೀಪದವರೇ. ಆಗಸ್ಟ್ 29ರಂದು ಉಳಿದ 36 ಮಂದಿ ಎಚ್‌ಎಮ್‌ಎಸ್ ಹೇರ್‌ಬೆಲ್ ಹಡಗು ಹತ್ತಿದರು. ಹೊರಜಗತ್ತು ಕಂಡು ಬೆಚ್ಚಿದವರ ಓಟ ಇದಲ್ಲ, ಲೆಕ್ಕ ಹಾಕಿ ತೆಗೆದುಕೊಂಡ ತೀರ್ಮಾನ.

ಈಗ ದ್ವೀಪ ನ್ಯಾಷನಲ್ ಟ್ರಸ್ಟ್ ಫಾರ್ ಸ್ಕಾಟ್ಲೆಂಡಿನದು, 1957ರಿಂದ. 1986ರಲ್ಲಿ ಪ್ರಕೃತಿಗಾಗಿ, 2005ರಲ್ಲಿ ಸಂಸ್ಕೃತಿಗಾಗಿಯೂ ಯುನೆಸ್ಕೊ ಪಟ್ಟಿಗೆ ಸೇರಿತು. ಹದಿನಾರರಲ್ಲಿ ಆರು ಮನೆಗಳಿಗೆ ಮತ್ತೆ ಚಾವಣಿ ಹಾಕಿದ್ದಾರೆ, ಮೂರನೇ ಮನೆ ವಸ್ತುಸಂಗ್ರಹಾಲಯ. ಜೆಟ್ಟಿಯ ಹತ್ತಿರದ ಕಟ್ಟಡಗಳು ಕ್ಷಿಪಣಿಗಳ ಜಾಡು ಹಿಡಿಯುವ ಸೇನಾನೆಲೆಗೆ ಸೇರಿದವು. ಚಿತ್ರಗಳಲ್ಲಿ ಅವನ್ನು ಕತ್ತರಿಸಿ ತೆಗೆಯುವುದು ರೂಢಿ. ಹಾಗೆ ಮಾಡಿದರೆ 1957ರ ನಂತರದ ಇತಿಹಾಸವೂ ಕತ್ತರಿಸಿಹೋಗುತ್ತದೆ.

ಹೋಗುವವರಿಗೆ ಕೆಲವು ಮಾತು. ಹ್ಯಾರಿಸ್ ದ್ವೀಪದ ಲೆವರ್‌ಬರ್ಗ್‌ನಿಂದಲೂ ಸ್ಕೈ ದ್ವೀಪದಿಂದಲೂ ಬೇಸಿಗೆಯಲ್ಲಿ ದಿನದ ದೋಣಿಗಳಿವೆ. ಹವಾಮಾನ ಕೆಟ್ಟರೆ ರದ್ದಾಗುತ್ತವೆ, ಆದ್ದರಿಂದ ಕೈಯಲ್ಲಿ ಒಂದೆರಡು ದಿನ ಹೆಚ್ಚು ಇರಲಿ. ದೊಡ್ಡ ದೋಣಿಯಿಂದ ಗಾಳಿ ತುಂಬಿದ ಚಿಕ್ಕ ದೋಣಿಗೆ ಇಳಿದು ಜೆಟ್ಟಿ ಸೇರಬೇಕು, ಎರಡೂ ಕೈ ಖಾಲಿ ಇರುವಂತೆ ಚೀಲ ಬೆನ್ನಿಗಿರಲಿ. ಹತ್ತುವ ಮೊದಲೇ ಚೀಲವನ್ನು ತೆರೆದು ಇಲಿ ಸೇರಿಲ್ಲವೆಂದು ನೋಡಿಕೊಳ್ಳಿ. ಹಿರ್ಟಾದಲ್ಲಿ ಹೆಗ್ಗಣಗಳಿಲ್ಲ, ಬಂದರೆ ಬಿಲದಲ್ಲೂ ಕಲ್ಲುಸಂದಿನಲ್ಲೂ ಗೂಡು ಕಟ್ಟುವ ಕಡಲಹಕ್ಕಿಗಳು ಉಳಿಯವು. ನಾಯಿಗಳಿಗೆ ಪ್ರವೇಶವಿಲ್ಲ.

ಚಿತ್ರ ಅಚ್ಚುಹಾಕುವ ಪತ್ರಿಕೆಗಳಲ್ಲಿ ಒಂದು ವಿನಂತಿ: ಬೀದಿಯ ಸಾಲಿನಲ್ಲಿ ಮೂಲೆ ಗುಂಡಗಿದ್ದರೆ ಅದು 1830ರ ದಶಕದ ಮನೆ, ಮೂಲೆ ಚೂಪಾಗಿದ್ದು ಎರಡು ತುದಿಗೂ ಹೊಗೆಗೂಡಿದ್ದರೆ 1860ರ ದಶಕದ್ದು. ಚಿತ್ರದ ಕೆಳಗೆ ಆ ವರ್ಷವನ್ನು ಹಾಕಿ.

ಇಂತಿ ತಮ್ಮ ವಿಶ್ವಾಸಿ,
ಒಬ್ಬ ಓದುಗ