ಮಗಳಿಗೊಂದು ಪತ್ರ: 916ರ ಹಿಂದಿನ ಲೆಕ್ಕ

ಪ್ರೀತಿಯ ಪುಟ್ಟಿ,

ನಿನ್ನ ಪ್ರಶ್ನೆಗೆ ಫೋನಿನಲ್ಲೇ ಉತ್ತರ ಹೇಳಬಹುದಿತ್ತು. ಆದರೆ ನಿನ್ನ ಹಿಂದೆ ಹಾಸ್ಟೆಲ್‌ನ ಬೇರೆ ಮಕ್ಕಳು ಕಾಯುತ್ತಿದ್ದರು. ಅದೂ ಅಲ್ಲದೆ ಇದು ಪೆನ್ನು ಹಿಡಿದು ನೋಡಬೇಕಾದ ಲೆಕ್ಕ. ಪಕ್ಕದಲ್ಲಿ ಒಂದು ಹಾಳೆ ಇಟ್ಟುಕೊಂಡು ಓದು.

ಭಿನ್ನರಾಶಿಯ ಛೇದದ, ಅಂದರೆ ಕೆಳಗಿನ ಸಂಖ್ಯೆಯ, ಅವಿಭಾಜ್ಯ ಅಪವರ್ತನಗಳಲ್ಲಿ 2 ಮತ್ತು 5 ಮಾತ್ರ ಇದ್ದರೆ ಅದು ಅಂತ್ಯಗೊಳ್ಳುವ ದಶಮಾಂಶ, ಅಂದರೆ ಪಾಯಿಂಟ್ ಆದಮೇಲೆ ಎಲ್ಲೋ ಒಂದು ಕಡೆ ನಿಲ್ಲುವಂಥದ್ದು, ಅಂತ ನಿಮಗೆ ಬರೆಸಿದ್ದಾರೆ. ನೀನು ಕೇಳಿದ್ದು, "ಯಾಕಮ್ಮ 2 ಮತ್ತು 5 ಮಾತ್ರ? 3 ಯಾಕೆ ಆಗಲ್ಲ?" ಈ 'ಯಾಕೆ' ನನಗೆ ತುಂಬಾ ಇಷ್ಟವಾಯಿತು. ಕಾರಣ ಗೊತ್ತಿದ್ದರೆ ನಿಯಮ ಮರೆತರೂ ಪರೀಕ್ಷೆಯಲ್ಲಿ ಕೂತು ಮತ್ತೆ ಹುಡುಕಿಕೊಳ್ಳಬಹುದು.

ಮೊದಲು ದಶಮಾಂಶವನ್ನು ಬಿಚ್ಚಿ ನೋಡು. 0.7 ಅಂದರೆ 7/10. 0.43 ಅಂದರೆ 43/100. 0.125 ಅಂದರೆ 125/1000. ಪಾಯಿಂಟ್ ಆದಮೇಲೆ ಎಷ್ಟೇ ಅಂಕಿ ಇರಲಿ, ಎಲ್ಲೋ ಒಂದು ಕಡೆ ನಿಂತಿತು ಅಂದರೆ ಅದರ ಛೇದ 10, 100, 1000 ಇಂಥದ್ದೇ ಆಗಿರುತ್ತದೆ. ಅಂದಮೇಲೆ ನಾವು ಕೇಳಬೇಕಾದ್ದು ಇಷ್ಟೇ: ನಮ್ಮ ಕೈಯಲ್ಲಿರುವ ಛೇದವನ್ನು ಯಾವುದಾದರೂ ಸಂಖ್ಯೆಯಿಂದ ಗುಣಿಸಿ 10, 100, 1000 ಮಾಡಲು ಸಾಧ್ಯವಾ?

10 ಅಂದರೆ 2×5. 100ರಲ್ಲಿ ಎರಡು 2, ಎರಡು 5. ಸಾವಿರದಲ್ಲಿ ಮೂರು ಮೂರು. ಸೊನ್ನೆ ಎಷ್ಟು ಸೇರಿಸುತ್ತಾ ಹೋದರೂ 2 ಮತ್ತು 5 ಬಿಟ್ಟು ಬೇರೆ ಯಾವ ಅವಿಭಾಜ್ಯ ಸಂಖ್ಯೆಯೂ ಅದರೊಳಗೆ ಬರುವುದಿಲ್ಲ. ನಿನ್ನ 'ಯಾಕೆ'ಗೆ ಉತ್ತರ ಇಲ್ಲೇ ಇದೆ.

3/40 ತಗೋ. 40 ಅಂದರೆ 2×2×2×5. ಮೂರು 2 ಇವೆ, 5 ಒಂದೇ ಇದೆ. ಇನ್ನೆರಡು 5 ಬೇಕು. ಹಾಗಾಗಿ ಮೇಲೂ ಕೆಳಗೂ 25ರಿಂದ ಗುಣಿಸು. 75/1000 ಬಂತು, ಅಂದರೆ 0.075. ಭಾಗಾಕಾರ ಮಾಡಲೇ ಇಲ್ಲ, ಅಲ್ವಾ? ಎಷ್ಟು ಅಂಕಿಗೆ ನಿಲ್ಲುತ್ತದೆ ಅಂತಲೂ ಮೊದಲೇ ಹೇಳಬಹುದು. 2 ಮತ್ತು 5ರಲ್ಲಿ ಯಾವುದು ಜಾಸ್ತಿ ಸಲ ಇದೆಯೋ ಅಷ್ಟು ಅಂಕಿ. ಇಲ್ಲಿ 2 ಮೂರು ಸಲ ಇದೆ, ಉತ್ತರದಲ್ಲೂ ಮೂರು ಅಂಕಿ.

ಈಗ 1/3. 10ನ್ನು 3ರಿಂದ ಭಾಗಿಸಿದರೆ 1 ಉಳಿಯುತ್ತದೆ. ನೂರು ಅಂದರೆ 99 ಮತ್ತು 1, ಸಾವಿರ ಅಂದರೆ 999 ಮತ್ತು 1. ಎಷ್ಟು ದೊಡ್ಡದು ಮಾಡಿದರೂ ಆ ಒಂದು ಉಳಿದೇ ಉಳಿಯುತ್ತದೆ. ಅದಕ್ಕೇ 0.333... ನಿಲ್ಲುವುದೇ ಇಲ್ಲ.

ಇನ್ನು ನಾನು ದಿನಾ ನೋಡುವ ಲೆಕ್ಕಕ್ಕೆ ಬರುತ್ತೇನೆ. ಒಡವೆ ಅಂಗಡಿಯಲ್ಲಿ ಬಿಲ್ ಬರೆಯುವವಳಿಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದಿಲ್ಲ. '916 ಚಿನ್ನ' ಅನ್ನುವ ಬೋರ್ಡ್ ನೀನು ಎಲ್ಲಾ ಊರಲ್ಲೂ ನೋಡಿರುತ್ತೀಯ. ಅಪ್ಪಟ ಚಿನ್ನ 24 ಕ್ಯಾರೆಟ್. 22 ಕ್ಯಾರೆಟ್ ಅಂದರೆ 24 ಭಾಗದಲ್ಲಿ 22 ಭಾಗ ಚಿನ್ನ, ಉಳಿದ ಎರಡು ಭಾಗ ತಾಮ್ರ, ಬೆಳ್ಳಿ ಇಂಥ ಬೇರೆ ಲೋಹ. 22/24 ಅಂದರೆ 11/12. ಹನ್ನೆರಡರಲ್ಲಿ 3 ಇದೆ. ಹಾಗಾಗಿ ಅದು 0.91666... ಅಂತ ಹೋಗುತ್ತಲೇ ಇರುತ್ತದೆ. ಹಾಲ್‌ಮಾರ್ಕ್‌ನಲ್ಲಿ, ಅಂದರೆ ಒಡವೆಯ ಮೇಲಿನ ಶುದ್ಧತೆಯ ಮುದ್ರೆಯಲ್ಲಿ, ಸಾವಿರಕ್ಕೆ ಎಷ್ಟು ಅಂತ ಮೂರೇ ಅಂಕಿಯಲ್ಲಿ ಬರೆಯುವುದರಿಂದ 916 ಅಂತ ನಿಲ್ಲಿಸಿದ್ದಾರೆ.

18 ಕ್ಯಾರೆಟ್ ಒಡವೆಯ ಮೇಲೆ 750 ಅಂತ ಇರುತ್ತದೆ. ಇದು ನಿಲ್ಲಿಸಿದ್ದಲ್ಲ, ತಾನೇ ನಿಂತದ್ದು. ಸರಿಯಾಗಿ 0.75. ಛೇದ ಅದೇ 24 ತಾನೆ, 24ರಲ್ಲಿ 3 ಇದೆಯಲ್ಲ, ಮತ್ತೆ ಹೇಗೆ ನಿಂತಿತು? 18ರಲ್ಲೂ 3 ಇದೆ. 18/24ನ್ನು ಚಿಕ್ಕದು ಮಾಡಿದರೆ 3/4. ಕೆಳಗಿನ 3 ಹೊರಟುಹೋಯಿತು, ಉಳಿದದ್ದು ಬರೀ ಎರಡು 2.

ಪುಟ್ಟಿ, ಮಕ್ಕಳು ಜಾಸ್ತಿ ಎಡವುವುದು ಇಲ್ಲೇ. ಭಿನ್ನರಾಶಿ ಕಂಡ ತಕ್ಷಣ ಛೇದದ ಅಪವರ್ತನ ಬರೆದು, 3 ಕಂಡರೆ 'ಅಂತ್ಯಗೊಳ್ಳುವುದಿಲ್ಲ' ಅಂತ ಉತ್ತರ ಬರೆದುಬಿಡುತ್ತಾರೆ. ಮೊದಲು ಸುಲಭ ರೂಪಕ್ಕೆ ತಾ. ಆಮೇಲೆ ಛೇದ ನೋಡು. 6/15 ಕಂಡರೆ 15ಕ್ಕೆ ಹೆದರಬೇಡ, ಅದು 2/5, ಅಂದರೆ 0.4.

24ರಲ್ಲಿ 3 ಒಂದೇ ಸಲ ಇರುವುದರಿಂದ, ಮೂರರ ಮಗ್ಗಿಯಲ್ಲಿ ಬರುವ ಕ್ಯಾರೆಟ್‌ಗಳೆಲ್ಲ ನಿಲ್ಲುತ್ತವೆ. 9 ಕ್ಯಾರೆಟ್ ಅಂದರೆ 3/8, ಸರಿಯಾಗಿ 375. 21 ಕ್ಯಾರೆಟ್ ಅಂದರೆ 7/8, ಸರಿಯಾಗಿ 875. ಗಲ್ಫ್ ಕಡೆ 21 ಕ್ಯಾರೆಟ್ ಒಡವೆ ಜಾಸ್ತಿ. ಅಲ್ಲಿ ಕೆಲಸದಲ್ಲಿರುವ ನಮ್ಮವರು ತರುವ ಬಳೆಗಳ ಮೇಲೆ ಈ 875 ನೋಡಬಹುದು. 20 ಕ್ಯಾರೆಟ್ ಮಾತ್ರ 5/6, ಅದು 0.8333... ಮುದ್ರೆ 833.

7ರ ಬಗ್ಗೆಯೂ ಕೇಳಿದ್ದೆ. 1/7ನ್ನು ಒಂದು ಸಲವಾದರೂ ಕೈಯಲ್ಲಿ ಭಾಗಿಸಿ ನೋಡು. ಶೇಷಗಳು 3, 2, 6, 4, 5, 1 ಅಂತ ಬರುತ್ತವೆ. 7ರಿಂದ ಭಾಗಿಸುವಾಗ ಸೊನ್ನೆ ಬಿಟ್ಟರೆ ಆರೇ ಶೇಷಗಳು ಸಾಧ್ಯ. ಎಲ್ಲಾ ಮುಗಿದಮೇಲೆ ಹಳೆಯದು ಮತ್ತೆ ಬರಲೇಬೇಕು. ಅದಕ್ಕೇ 142857 ಸುತ್ತುತ್ತಲೇ ಇರುತ್ತದೆ. ನಿಲ್ಲದ ದಶಮಾಂಶವೂ ಮನಸ್ಸಿಗೆ ಬಂದ ಹಾಗೆ ಓಡುವುದಿಲ್ಲ ನೋಡು, ಅದಕ್ಕೂ ಒಂದು ಕ್ರಮ ಇದೆ. ನನಗಂತೂ ಈ ಪಾಠದಲ್ಲಿ ತುಂಬಾ ಚೆಂದ ಅನ್ನಿಸುವುದು ಇದೇ.

ಇನ್ನು ನಿನಗೊಂದು ಲೆಕ್ಕ. ನಿನ್ನ ಮುತ್ತಜ್ಜನ ಕಾಲದಲ್ಲಿ ರೂಪಾಯಿಗೆ 16 ಆಣೆ, ಆಣೆಗೆ 12 ಪೈ. 1957ರ ಏಪ್ರಿಲ್ 1ರಿಂದ ರೂಪಾಯಿಗೆ 100 ಹೊಸ ಪೈಸೆ ಆಯಿತು. ಆಣೆ ರೂಪಾಯಿಯ 1/16. ಹದಿನಾರರಲ್ಲಿ ಬರೀ 2 ಇರುವುದರಿಂದ ಅದು 0.0625ಕ್ಕೆ ನಿಂತಿತು, ಅಂದರೆ ಆರೂಕಾಲು ಹೊಸ ಪೈಸೆ. ಒಂದು ಪೈ ಮಾತ್ರ ರೂಪಾಯಿಯ 1/192. ಇದು ನಿಲ್ಲುತ್ತದಾ? ನಿಲ್ಲದಿದ್ದರೆ, ಕಡಿಮೆ ಅಂದರೆ ಎಷ್ಟು ಪೈ ಸೇರಿಸಿದರೆ ನಿಲ್ಲುತ್ತದೆ? ಎಷ್ಟು ಅಂಕಿಗೆ? ಭಾಗಾಕಾರ ಮಾಡದೆ ಹುಡುಕು. ಭಾನುವಾರ ಫೋನ್ ಮಾಡಿದಾಗ ಹೇಳು. ಉತ್ತರ ಮಾತ್ರ ಸಾಲದು, ಯಾಕೆ ಅಂತಲೂ ಹೇಳಬೇಕು.

ಚಳಿ ಜಾಸ್ತಿ ಇದೆಯಂತೆ, ಸ್ವೆಟರ್ ಹಾಕಿಕೊ.

ನಿನ್ನ ಪ್ರೀತಿಯ,
ಅಮ್ಮ